ಶೋಕದ ಅಳತೆ: ವಿಕ್ಟೋರಿಯಾ ಯುಗದ ಒಂದು ಶಿಷ್ಟಾಚಾರ

1861ರ ಡಿಸೆಂಬರ್ 14ರಂದು ರಾಜಕುಮಾರ ಆಲ್ಬರ್ಟ್ ನಿಧನ ಹೊಂದಿದನು. ಅಂದಿನಿಂದ 1901ರಲ್ಲಿ ತಾನು ತೀರಿಕೊಳ್ಳುವವರೆಗೂ ವಿಕ್ಟೋರಿಯಾ ರಾಣಿ ಶೋಕದ ಕಪ್ಪು ಉಡುಪನ್ನು ತ್ಯಜಿಸಲಿಲ್ಲ. ಶೋಕವಸ್ತ್ರದ ರೂಢಿ ಇಂಗ್ಲೆಂಡಿಗೆ ಹೊಸದಲ್ಲ. ರಾಣಿಯ ನಡೆ ಅದಕ್ಕೆ ಆದರ್ಶದ ಮೆರುಗು ನೀಡಿತು.

ಅಂದಿನ ಶಿಷ್ಟಾಚಾರದ ಕೈಪಿಡಿಗಳು ದುಃಖವನ್ನು ತಿಂಗಳುಗಳಲ್ಲಿ ಅಳೆದವು. ವಿಧವೆಯಾದವಳು ಮೊದಲ ಒಂದು ವರ್ಷ ಒಂದು ದಿನ ಹೊಳಪಿಲ್ಲದ ಕಪ್ಪು ಕ್ರೇಪ್ ಬಟ್ಟೆಯನ್ನು ಧರಿಸಿ, ಔತಣ ಹಾಗೂ ನೃತ್ಯಕೂಟಗಳಿಂದ ದೂರವಿರಬೇಕಿತ್ತು. ಬಳಿಕ ಕ್ರೇಪ್ ಹಂತಹಂತವಾಗಿ ಕಡಿಮೆಯಾಗಿ, ಕಡೆಯ ಹಂತವಾದ 'ಅರೆಶೋಕ'ದಲ್ಲಿ ಬೂದು, ನಸುನೇರಳೆ ಬಣ್ಣಗಳಿಗೆ ಅವಕಾಶವಿತ್ತು. ಒಟ್ಟು ಅವಧಿ ಎರಡು ವರ್ಷಕ್ಕೂ ಮಿಗಿಲು. ಪತ್ನಿಯನ್ನು ಕಳೆದುಕೊಂಡ ಪುರುಷನಿಗಾದರೋ ಕಪ್ಪು ಸೂಟು, ಟೋಪಿಗೊಂದು ಕಪ್ಪು ಪಟ್ಟಿ ಸಾಕಾಗಿತ್ತು. ಅವನ ವೃತ್ತಿ, ವ್ಯವಹಾರಗಳಿಗೆ ತಡೆಯಿರಲಿಲ್ಲ.

ಈ ನಿಯಮಗಳು ವ್ಯಾಪಾರವನ್ನೂ ಬೆಳೆಸಿದವು. ಲಂಡನ್ನಿನ ರೀಜೆಂಟ್ ಸ್ಟ್ರೀಟಿನಲ್ಲಿ 1841ರಲ್ಲೇ ಶೋಕವಸ್ತ್ರಗಳಿಗೆಂದೇ ದೊಡ್ಡ ಮಳಿಗೆ ತೆರೆದಿತ್ತು. ಕೋರ್ಟಾಲ್ಡ್ ಮನೆತನ ಕ್ರೇಪ್ ತಯಾರಿಸಿ ಸಿರಿವಂತವಾಯಿತು. ವಿಟ್ಬಿ ಪಟ್ಟಣ ಜೆಟ್ ಎಂಬ ಕರಿಶಿಲೆಯ ಆಭರಣಗಳಿಗೆ ಹೆಸರಾಯಿತು. ಹೊಸ ಬಟ್ಟೆ ಕೊಳ್ಳಲಾರದವರು ಇದ್ದ ಉಡುಪಿಗೇ ಕಪ್ಪು ಬಣ್ಣ ಹಾಕಿಸುತ್ತಿದ್ದರು.

ಇದಕ್ಕೆ ವಿರೋಧವೂ ಇತ್ತು. ತನ್ನ ಅಂತ್ಯಸಂಸ್ಕಾರಕ್ಕೆ ಬರುವವರು ಶೋಕದ ನಿಲುವಂಗಿಯನ್ನಾಗಲಿ ಟೋಪಿಯ ಉದ್ದನೆಯ ಪಟ್ಟಿಯನ್ನಾಗಲಿ ಧರಿಸಕೂಡದೆಂದು 1870ರಲ್ಲಿ ತೀರಿಕೊಂಡ ಕಾದಂಬರಿಕಾರ ಚಾರ್ಲ್ಸ್ ಡಿಕನ್ಸ್ ಉಯಿಲಿನಲ್ಲೇ ಬರೆದಿದ್ದನು. ಆದರೂ ಕಟ್ಟಳೆ ನಿಜವಾಗಿ ಸಡಿಲಗೊಂಡದ್ದು ಮೊದಲ ಮಹಾಯುದ್ಧದಲ್ಲಿ. ಸಾವು ಮನೆಮನೆಗೂ ಬಂದಾಗ ಬೀದಿತುಂಬ ಕಪ್ಪನ್ನು ಹರಡುವುದು ಸಮಾಜಕ್ಕೇ ಭಾರವೆನಿಸಿತು. ಅಲ್ಲಿಯವರೆಗೆ ಆ ಭಾರವನ್ನು ಹೊತ್ತವರು ಮುಖ್ಯವಾಗಿ ಹೆಂಗಸರು.