ಚಿಂಚೋಳಿ ವನ್ಯಜೀವಿ ಧಾಮ

ಚಿಂಚೋಳಿ ವನ್ಯಜೀವಿ ಧಾಮವು ಕಲಬುರಗಿ ಜಿಲ್ಲೆಯ ಚಿಂಚೋಳಿ ತಾಲ್ಲೂಕಿನಲ್ಲಿ, ಬೀದರ್ ಜಿಲ್ಲೆ ಹಾಗೂ ತೆಲಂಗಾಣ ರಾಜ್ಯದ ಗಡಿಗೆ ಸಮೀಪದಲ್ಲಿರುವ ಸಂರಕ್ಷಿತ ಪ್ರದೇಶವಾಗಿದೆ. 134.88 ಚದರ ಕಿಲೋಮೀಟರ್ ವಿಸ್ತೀರ್ಣದ ಈ ಪ್ರದೇಶವನ್ನು 2011ರಲ್ಲಿ ವನ್ಯಜೀವಿ ಧಾಮವೆಂದು ಘೋಷಿಸಲಾಯಿತು. ಇದನ್ನು ದಕ್ಷಿಣ ಭಾರತದ ಮೊದಲ ಒಣಭೂಮಿ ವನ್ಯಜೀವಿ ಧಾಮವೆಂದು ಪರಿಗಣಿಸಲಾಗಿದೆ.

ಭೌಗೋಳಿಕ ಲಕ್ಷಣಗಳು

ಸುತ್ತಲೂ ತೊಗರಿ, ಜೋಳ ಬೆಳೆಯುವ ಬಯಲುಸೀಮೆಯಿದ್ದರೂ ಕುಂಚಾವರಂ ಭಾಗದಲ್ಲಿ ಗುಡ್ಡಗಳೂ ದಟ್ಟವಾದ ಕಾಡೂ ಇವೆ. ಆದುದರಿಂದ ಈ ಭಾಗವನ್ನು 'ಬಯಲುಸೀಮೆಯ ಮಲೆನಾಡು' ಎಂದು ಕರೆಯುವುದುಂಟು. ಗುಡ್ಡಗಳ ನಡುವೆ ಚಂದ್ರಂಪಳ್ಳಿ ಜಲಾಶಯವಿದೆ. ನೀರಾವರಿಗಾಗಿ ನಿರ್ಮಿಸಲಾದ ಈ ಜಲಾಶಯವು ಬೇಸಿಗೆಯಲ್ಲಿ ವನ್ಯಪ್ರಾಣಿಗಳಿಗೂ ನೀರಿನಾಸರೆಯಾಗಿದೆ.

ಸಸ್ಯ ಮತ್ತು ಪ್ರಾಣಿ ಸಂಪತ್ತು

ಇಲ್ಲಿ ಎಲೆಯುದುರುವ ಕಾಡು ಪ್ರಧಾನವಾಗಿದೆ. ಶ್ರೀಗಂಧ ಹಾಗೂ ರಕ್ತಚಂದನದ ಮರಗಳಿದ್ದು, ಅಂಚಿನಲ್ಲಿ ತೇಗದ ನೆಡುತೋಪುಗಳಿವೆ. ಕೃಷ್ಣಮೃಗ, ಕೊಂಡುಕುರಿ, ತೋಳ, ನರಿ, ಕತ್ತೆಕಿರುಬ ಇಲ್ಲಿನ ಮುಖ್ಯ ಪ್ರಾಣಿಗಳು. ಕೃಷ್ಣಮೃಗವು ತೆರೆದ ಹುಲ್ಲುಗಾವಲನ್ನು ಆಶ್ರಯಿಸುತ್ತದೆ. ನಾಲ್ಕು ಕೊಂಬುಗಳ ಕೊಂಡುಕುರಿಯು ಪೊದೆಗಾಡಿನಲ್ಲಿ ನೀರಿಗೆ ಹತ್ತಿರವಾಗಿ ವಾಸಿಸುತ್ತದೆ. ಗಂಡಿಗೆ ಮಾತ್ರ ಕೊಂಬುಗಳಿರುತ್ತವೆ. ಹೀಗಾಗಿ ಕಾಡು, ಹುಲ್ಲುಗಾವಲು, ಕೆರೆದಂಡೆ ಈ ಮೂರೂ ಉಳಿದರೆ ಮಾತ್ರ ಇಲ್ಲಿನ ಪ್ರಾಣಿಸಂಕುಲ ಉಳಿಯುತ್ತದೆ.

ಜನವಸತಿ ಮತ್ತು ಸಂರಕ್ಷಣೆ

ಧಾಮದ ಪರಿಸರದಲ್ಲಿ ಲಂಬಾಣಿ ತಾಂಡಾಗಳಿವೆ. ಈ ಅರಣ್ಯದ ಉಳಿವಿನಲ್ಲಿ ತಾಂಡಾದ ಜನರ ಪಾತ್ರವೂ ಇದೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ರಾಷ್ಟ್ರೀಯ ಉದ್ಯಾನದಲ್ಲಿ ಜಾನುವಾರು ಮೇಯಿಸುವುದು ನಿಷಿದ್ಧ. ವನ್ಯಜೀವಿ ಧಾಮದಲ್ಲಿ ಅದನ್ನು ನಿಯಂತ್ರಣಕ್ಕೊಳಪಟ್ಟು ಅನುಮತಿಸಬಹುದು. ಆದರೆ ಮೇವಿನ ಒತ್ತಡ ಹೆಚ್ಚಾದರೆ ಸಸ್ಯಾಹಾರಿ ಪ್ರಾಣಿಗಳಿಗೆ ಹುಲ್ಲು ಸಾಲದಾಗುತ್ತದೆ. ಬೇಟೆ ಕಡಿಮೆಯಾದಾಗ ತೋಳಗಳು ಕುರಿ, ಮೇಕೆಗಳ ಮೇಲೆ ಎರಗುತ್ತವೆ. ಬೇಸಿಗೆಯ ಕಾಳ್ಗಿಚ್ಚು ಮತ್ತೊಂದು ಅಪಾಯ.

2006ರ ಅರಣ್ಯ ಹಕ್ಕುಗಳ ಕಾಯ್ದೆಯೂ ಇಲ್ಲಿ ಗಮನಾರ್ಹ. ಕರ್ನಾಟಕದಲ್ಲಿ ಲಂಬಾಣಿಗರು ಪರಿಶಿಷ್ಟ ಜಾತಿಗೆ, ತೆಲಂಗಾಣದಲ್ಲಿ ಪರಿಶಿಷ್ಟ ಪಂಗಡಕ್ಕೆ ಸೇರಿದ್ದಾರೆ. ಪರಿಶಿಷ್ಟ ಪಂಗಡದವರಲ್ಲದ ಅರಣ್ಯವಾಸಿಗಳು ಹಕ್ಕು ಪಡೆಯಲು, 2005ರ ಡಿಸೆಂಬರ್ 13ಕ್ಕೆ ಮುಂಚೆ ಮೂರು ತಲೆಮಾರು, ಅಂದರೆ 75 ವರ್ಷ, ಅರಣ್ಯವನ್ನವಲಂಬಿಸಿ ನೆಲೆಸಿದ್ದುದನ್ನು ತೋರಿಸಬೇಕು. ಆದುದರಿಂದ ಗಡಿಯ ಎರಡು ಬದಿಯ ಒಂದೇ ಸಮುದಾಯಕ್ಕೆ ಬೇರೆ ಬೇರೆ ನಿಯಮಗಳು ಅನ್ವಯಿಸುತ್ತವೆ.

ಪ್ರವಾಸ

ಚಂದ್ರಂಪಳ್ಳಿ ಜಲಾಶಯ, ಅದರ ಸಮೀಪದ ಗೊಟ್ಟಂಗೊಟ್ಟ ಹಾಗೂ ಎತ್ತಿಪೋತ ಜಲಪಾತ ಇಲ್ಲಿನ ಪ್ರೇಕ್ಷಣೀಯ ಸ್ಥಳಗಳು. ಮಳೆಗಾಲದಲ್ಲಿ ಕಾಡು ಹಸಿರಾಗಿ ಜಲಪಾತ ತುಂಬಿ ಹರಿಯುತ್ತದೆ. ವನ್ಯಜೀವಿ ಧಾಮದೊಳಗೆ ಬೆಂಕಿ ಹಚ್ಚುವುದು, ಪ್ರಾಣಿಗಳನ್ನು ಕೆಣಕುವುದು, ಕಸ ಎಸೆಯುವುದು ಕಾನೂನುಬಾಹಿರ.