ತೆರೆ ಯಾರ ಕೈಯಲ್ಲಿ?

ಸಿನಿಮಾ ತೆಗೆಯೋದು ಅರ್ಧ ಕೆಲಸ. ಅದನ್ನು ಜನರ ಮುಂದಿಡುವುದು ಇನ್ನರ್ಧ. ಈ ಎರಡನೇ ಅರ್ಧ ಯಾರ ಕೈಯಲ್ಲಿದೆ? ಹೈಲೆ ಗೆರಿಮಾನ ದುಡಿಮೆಯ ಚರಿತ್ರೆಯನ್ನು ನಾವು ಓದಬೇಕಾದದ್ದು ಈ ಪ್ರಶ್ನೆ ಇಟ್ಟುಕೊಂಡೇ.

ಗೆರಿಮಾ 1946ರಲ್ಲಿ ಇಥಿಯೋಪಿಯಾದ ಗೊಂಡಾರ್‌ನಲ್ಲಿ ಹುಟ್ಟಿದ. ಅಪ್ಪ ನಾಟಕಕಾರ. ಮಗನೂ ನಾಟಕ ಕಲಿಯಲೆಂದೇ ಶಿಕಾಗೋಗೆ ಹೋದ. ಅಲ್ಲಿಂದ ಲಾಸ್ ಏಂಜಲೀಸ್‌ಗೆ ಬಂದು ಸಿನಿಮಾ ಹಿಡಿದ. ಹಾಲಿವುಡ್ ಕೂಗಳತೆಯಲ್ಲೇ ಇತ್ತು. ಅದರ ತೆರೆಯ ಮೇಲೆ ಕರಿಯರೆಂದರೆ ಆಳು, ಕಳ್ಳ, ಕೋಡಂಗಿ. ಚಾರ್ಲ್ಸ್ ಬರ್ನೆಟ್, ಜೂಲಿ ಡ್ಯಾಶ್, ಗೆರಿಮಾ ಮೊದಲಾದ ವಿದ್ಯಾರ್ಥಿಗಳು ಅದಕ್ಕೆ ಬೆನ್ನು ಹಾಕಿ ತಮ್ಮ ಜನರ ಬದುಕಿಗೆ ಕ್ಯಾಮೆರಾ ತಿರುಗಿಸಿದರು.

1974ರಲ್ಲಿ ಇಥಿಯೋಪಿಯಾದ ಚಕ್ರವರ್ತಿಯ ಗದ್ದುಗೆ ಉರುಳುತ್ತಿತ್ತು. ಆಗ ತಾಯ್ನಾಡಿಗೆ ಹೋಗಿ ಎರಡೇ ವಾರದಲ್ಲಿ 'ಹಾರ್ವೆಸ್ಟ್: 3000 ಇಯರ್ಸ್' ಚಿತ್ರೀಕರಿಸಿದ. ಜಮೀನ್ದಾರ ಜಗಲಿ ಮೇಲೆ ಕೂತು ಬಯ್ಯುತ್ತಾನೆ. ಒಕ್ಕಲಿನ ಸಂಸಾರ ಬೆಳಗಿಂದ ಬೈಗಿನ ತನಕ ಗೇಯುತ್ತದೆ. ಕಥೆ ಕಟ್ಟಿದ್ದು, ಗೇಯುವ ಕೈಗಳು ರೈತರವೇ. ಕೊನೆಗೆ ಒಡೆಯನನ್ನು ಹೊಡೆದು ಕೊಲ್ಲುವವನು ಭೂಮಿ ಕಳೆದುಕೊಂಡ, ಊರು ಹುಚ್ಚ ಅನ್ನುವ ಕೆಬೆಬೆ.

'ಬುಷ್ ಮಾಮಾ' ಲಾಸ್ ಏಂಜಲೀಸ್‌ನ ಬಡ ಕರಿಯ ತಾಯಿಯ ಕಥೆ. ಗಂಡ ಜೈಲಿನಲ್ಲಿ, ಬಸಿರು ತೆಗೆಸು ಅನ್ನುತ್ತದೆ ಸರ್ಕಾರಿ ನೆರವಿನ ಕಚೇರಿ. ಚಿತ್ರದ ಮೊದಲಲ್ಲೇ ಪೊಲೀಸರು ಕರಿಯರನ್ನು ತಡೆದು ತಡಕುತ್ತಾರೆ. ಅದು ನಟನೆಯಲ್ಲ. ಚಿತ್ರ ತೆಗೆಯುತ್ತಿದ್ದ ತಂಡವನ್ನೇ ಪೊಲೀಸರು ನಿಲ್ಲಿಸಿದಾಗ ಕ್ಯಾಮೆರಾ ಓಡುತ್ತಿತ್ತು, ಅಷ್ಟೆ. ಕಥಾಚಿತ್ರ, ಸಾಕ್ಷ್ಯಚಿತ್ರ ಅನ್ನುವ ಗಡಿ ಇಂಥಲ್ಲಿ ಅಳಿಸಿಹೋಗುತ್ತದೆ.

ವಿಲ್ಮಿಂಗ್ಟನ್‌ನಲ್ಲಿ 1971ರ ಗಲಭೆಯ ನೆಪದಲ್ಲಿ ಒಂಬತ್ತು ಕರಿಯ ಗಂಡಸರಿಗೂ ಒಬ್ಬ ಬಿಳಿ ಹೆಂಗಸಿಗೂ ಒಟ್ಟು 282 ವರ್ಷಗಳ ಸಜೆ ಬಿತ್ತು. ಅವರ ಪರ ಗೆರಿಮಾ ಸಾಕ್ಷ್ಯಚಿತ್ರ ಮಾಡಿದ. 1980ರಲ್ಲಿ ಮೇಲಿನ ಕೋರ್ಟು ಆ ಶಿಕ್ಷೆ ರದ್ದು ಮಾಡಿತು. ಕ್ಷಮಾದಾನ ಬಂದದ್ದು 2012ಕ್ಕೆ.

1993ರ 'ಸಾಂಕೋಫಾ' ಗುಲಾಮಗಿರಿಯ ಕಥೆ, ತಿರುಗಿಬಿದ್ದ ಗುಲಾಮರ ಕಥೆ. ಅಮೆರಿಕದ ಹಂಚಿಕೆದಾರರು ಮುಟ್ಟಲಿಲ್ಲ. ಗೆರಿಮಾ ಕೈಕಟ್ಟಿ ಕೂರಲಿಲ್ಲ. ಹೆಂಡತಿ, ಸ್ವತಃ ನಿರ್ದೇಶಕಿ ಶಿರಿಕಿಯಾನಾ ಐನಾ ಜೊತೆ ಸೇರಿ ಥಿಯೇಟರುಗಳನ್ನು ಬಾಡಿಗೆಗೆ ಹಿಡಿದ. ಒಬ್ಬರಿಂದೊಬ್ಬರಿಗೆ ಸುದ್ದಿ ಮುಟ್ಟಿ ಕರಿಯ ಜನ ಊರೂರಲ್ಲಿ ಸಾಲು ನಿಂತರು. ಮುಂದೆ ದಂಪತಿ ವಾಷಿಂಗ್ಟನ್‌ನಲ್ಲಿ, ಆತ ಪಾಠ ಹೇಳುತ್ತಿದ್ದ ಹೋವರ್ಡ್ ವಿಶ್ವವಿದ್ಯಾಲಯದ ಎದುರು, ಅದೇ ಹೆಸರಿನ ಪುಸ್ತಕದಂಗಡಿ ತೆರೆದರು.

2008ರ 'ತೆಜಾ'ಗೆ ವೆನಿಸ್‌ನಲ್ಲಿ ಪ್ರಶಸ್ತಿ ಬಂತು. 2021ರಲ್ಲಿ 'ಸಾಂಕೋಫಾ' ನೆಟ್‌ಫ್ಲಿಕ್ಸ್‌ಗೂ ಬಂತು. ಪೇಟೆಗೆ ಕಣ್ಣು ಬಿಡಲು 28 ವರ್ಷ ಹಿಡಿಯಿತು. ಅಲ್ಲೀವರೆಗೆ ಕಾದಿದ್ದರೆ, ಅಂದು ಸಾಲು ನಿಂತ ಜನರಲ್ಲಿ ಎಷ್ಟು ಮಂದಿ ತಮ್ಮ ಕಥೆ ನೋಡದೆಯೇ ಮಣ್ಣಾಗುತ್ತಿದ್ದರು?