ದುಭಾಷಿ ಕೇಬಲ್‌ನ ಕಥೆ



ಕಾರಿನ ಡ್ಯಾಶ್‌ಬೋರ್ಡಿನಲ್ಲಿ ಎಂಜಿನ್ ಚಿತ್ರದ ಹಳದಿ ದೀಪ ಹತ್ತಿತು ಅಂದುಕೊಳ್ಳಿ. ಮೆಕ್ಯಾನಿಕ್ ಈಗ ಬಾನೆಟ್ ಎತ್ತುವ ಮೊದಲೇ ಸ್ಟೀರಿಂಗ್ ಕೆಳಗೆ ಬಗ್ಗಿ ಒಂದು ಕೇಬಲ್ ಸಿಕ್ಕಿಸುತ್ತಾನೆ. ಕಾರು ತನ್ನ ಕಾಯಿಲೆಯನ್ನು ತಾನೇ ಹೇಳುತ್ತದೆ, ಕೇಬಲ್ ಅದನ್ನು ಲ್ಯಾಪ್‌ಟಾಪಿಗೆ ತಿಳಿಯುವಂತೆ ಹೇಳುತ್ತದೆ. ಆದರೆ ಈ ದುಭಾಷಿಯೇ ತಪ್ಪು ಹೇಳಿದರೆ?

ಕಥೆ ಶುರುವಾಗುವುದು ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ. ಹೊಗೆಯಿಂದ ಬೇಸತ್ತ ಆ ರಾಜ್ಯ, ಹೊಗೆ ನಿಯಂತ್ರಣದಲ್ಲಿ ದೋಷ ಬಂದರೆ ಕಾರೇ ಎಚ್ಚರಿಸಬೇಕೆಂದು 1988ರ ಮಾದರಿಗಳಿಂದ ನಿಯಮ ತಂದಿತು. ಆಗ ಒಂದೊಂದು ಕಂಪನಿಗೆ ಒಂದೊಂದು ಪ್ಲಗ್! 1996ರ ಮಾದರಿಗಳಿಂದ ಅಮೆರಿಕದ ಎಲ್ಲ ಹೊಸ ಕಾರುಗಳಿಗೂ 16 ಪಿನ್‌ಗಳ ಒಂದೇ ಸಾಕೆಟ್ ಬಂತು. ಇದೇ ಒಬಿಡಿ-2. ಭಾರತದಲ್ಲಿ 2010ರ ಏಪ್ರಿಲ್‌ನಲ್ಲಿ ದೆಹಲಿ, ಮುಂಬೈ, ಪುಣೆ, ಚೆನ್ನೈ, ಹೈದರಾಬಾದ್, ಬೆಂಗಳೂರಿನಂಥ ನಗರಗಳಿಗೆ ಭಾರತ್ ಸ್ಟೇಜ್-4 ನಿಯಮದ ಜೊತೆ ಒಬಿಡಿ-1 ಬಂತು. 2013ರ ಏಪ್ರಿಲ್‌ನಲ್ಲಿ ಒಬಿಡಿ-2.

ಸಾಕೆಟ್ ಒಂದಾದರೂ ಭಾಷೆ ಒಂದಾಗಲಿಲ್ಲ. ಫೋರ್ಡ್‌ನದು ಒಂದು, ಜನರಲ್ ಮೋಟಾರ್ಸ್‌ನದು ಇನ್ನೊಂದು, ಯುರೋಪಿನವರದು ಮತ್ತೊಂದು. ಇವನ್ನೆಲ್ಲ ಒಂದೇ ಚಿಪ್‌ನಲ್ಲಿ ಅರಿತದ್ದು ಕೆನಡಾದ ಎಲ್ಮ್ ಎಲೆಕ್ಟ್ರಾನಿಕ್ಸ್ ಎಂಬ ಪುಟ್ಟ ಕಂಪನಿಯ ಇಎಲ್‌ಎಂ 327. ಅದರ ಜೀವಾಳ ಒಳಗಿನ ಪ್ರೋಗ್ರಾಂ, ಅಂದರೆ ಫರ್ಮ್‌ವೇರ್. ಮೊದಲ ಆವೃತ್ತಿಗೆ ನಕಲು ತಡೆಯುವ ಬೀಗವೇ ಇರಲಿಲ್ಲ. ನಕಲುಗಾರರು ಅದನ್ನೇ ಎತ್ತಿಕೊಂಡು ಹೊಸ ಹಣೆಪಟ್ಟಿ ಅಂಟಿಸಿ ಅಗ್ಗಕ್ಕೆ ಮಾರಿದರು. ಎಷ್ಟೋ ನಕಲಿಗಳು ತಮ್ಮನ್ನು '1.5' ಎಂದು ಹೇಳಿಕೊಂಡವು. ಅಸಲಿ ಕಂಪನಿ 1.5 ಎಂಬ ಆವೃತ್ತಿಯನ್ನು ಹೊರತಂದೇ ಇರಲಿಲ್ಲ! ಎಲ್ಮ್ 2022ರಲ್ಲಿ ಬಾಗಿಲು ಹಾಕಿತು; ನಕಲಿಗಳು ಮಾತ್ರ ಇನ್ನೂ ಮಾರಾಟವಾಗುತ್ತಿವೆ.

ಯುಎಸ್‌ಬಿ ಕೇಬಲ್‌ಗಳಲ್ಲಿ ಲ್ಯಾಪ್‌ಟಾಪ್ ಜೊತೆ ಮಾತಾಡಲು ಇನ್ನೊಂದು ಚಿಪ್ ಬೇಕು. ಸ್ಕಾಟ್ಲೆಂಡಿನ ಎಫ್‌ಟಿಡಿಐ ಕಂಪನಿ ಅದಕ್ಕೆ ಹೆಸರುವಾಸಿ. ಅದಕ್ಕೂ ನಕಲು ಬಂತು. 2014ರಲ್ಲಿ ವಿಂಡೋಸ್ ಅಪ್‌ಡೇಟ್ ಮೂಲಕ ಬಂದ ಆ ಕಂಪನಿಯ ಡ್ರೈವರ್, ನಕಲಿ ಚಿಪ್‌ನ ಗುರುತಿನ ಸಂಖ್ಯೆಯನ್ನೇ ಸೊನ್ನೆ ಮಾಡಿಬಿಟ್ಟಿತು. ನಿನ್ನೆ ಓಡಿದ ಕೇಬಲ್ ಇಂದು ಮೂಕ! ಗದ್ದಲವೆದ್ದು ಡ್ರೈವರ್ ಹಿಂತೆಗೆದರು. ನಕಲು ಮಾಡಿದವನು ದುಡ್ಡು ಎಣಿಸಿಕೊಂಡಾಗಿತ್ತು; ಪೆಟ್ಟು ಬಿದ್ದದ್ದು ಏನೂ ಅರಿಯದೆ ಕೊಂಡವನಿಗೆ.

ಇಂದಿಗೂ ಪೆಟ್ಟು ಬೀಳುವುದು ಅವನಿಗೇ. ಕೇಬಲ್ ತೊದಲಿದರೆ ಕಾರಿಗೆ ಕಾಯಿಲೆ ಎಂದುಕೊಂಡು ಚೆನ್ನಾಗಿರುವ ಸೆನ್ಸರ್ ಬದಲಿಸಿ ಜೇಬು ಖಾಲಿ ಮಾಡಿಕೊಳ್ಳುವವರಿದ್ದಾರೆ. ಹಾಗಾಗಿ ಸಂಪರ್ಕ ಸಿಗದಿದ್ದರೆ ಮೊದಲು ಇಗ್ನಿಷನ್ ಆನ್ ಇದೆಯೇ ನೋಡಿ. ಅದೇ ಕೇಬಲನ್ನು ಇನ್ನೊಂದು ಕಾರಿಗೆ, ಇನ್ನೊಂದು ಕೇಬಲನ್ನು ನಿಮ್ಮ ಕಾರಿಗೆ ಹಾಕಿಸಿ. ಎರಡು ಕಾರಲ್ಲೂ ಮೂಕವಾದರೆ ದೋಷ ಹೆಚ್ಚಾಗಿ ಕೇಬಲ್‌ನದೇ. ಎಲ್ಲಿಂದಲೋ ಇಳಿಸಿದ ಫರ್ಮ್‌ವೇರನ್ನು ಅದಕ್ಕೆ ತುಂಬಬೇಡಿ; ಅರ್ಧಕ್ಕೆ ನಿಂತರೆ ಇದ್ದ ಜೀವವೂ ಹೋದೀತು. ದೋಷದ ಕೋಡ್ ಅಳಿಸುವ ಮೊದಲು ಕಾಗದದಲ್ಲಿ ಬರೆದಿಟ್ಟುಕೊಳ್ಳಿ.

ರೋಗಿಗೆ ಔಷಧ ಕೊಡುವ ಮೊದಲು ಥರ್ಮಾಮೀಟರ್ ಸರಿಯಿದೆಯೇ ಎಂದು ನೋಡುವುದು ಒಳ್ಳೆಯದಲ್ಲವೇ?